ಸೊಸೈಟಿ ಚುನಾವಣೆಯ ಜಗಳ ಹುಟ್ಟುವುದು ಮತದಾರರ ಪಟ್ಟಿಯಲ್ಲಿ

(ದಾವಣಗೆರೆಯಲ್ಲಿ ಸಹಕಾರ ಸಂಘಗಳ ಸದಸ್ಯರು ಮತ್ತು ಕಾರ್ಯದರ್ಶಿಗಳ ಮುಂದೆ ಮಾಡಿದ ಉಪನ್ಯಾಸ)

ಎಲ್ಲರಿಗೂ ನಮಸ್ಕಾರ. ಚನ್ನಗಿರಿ, ಹೊನ್ನಾಳಿ, ಜಗಳೂರು ಕಡೆಯಿಂದ ಕೆಲಸ ಬಿಟ್ಟು ಬಂದಿದ್ದೀರಿ. ನೇರವಾಗಿ ವಿಷಯಕ್ಕೆ ಬರುತ್ತೇನೆ.

ವಿ.ಎಸ್.ಎಸ್.ಎನ್., ಅಂದರೆ ನಮ್ಮ ಊರಿನ ವ್ಯವಸಾಯ ಸೇವಾ ಸಹಕಾರ ಸಂಘದ ಚುನಾವಣೆ ಸಣ್ಣದು ಅಂತ ಯಾರೂ ತಿಳಿಯಬೇಡಿ. ರಾಜ್ಯ ಸರ್ಕಾರ ಬಡ್ಡಿ ಇಲ್ಲದ ಬೆಳೆಸಾಲದ ಮಿತಿಯನ್ನು 2023ರ ಬಜೆಟ್‌ನಲ್ಲಿ 3 ಲಕ್ಷದಿಂದ 5 ಲಕ್ಷ ರೂಪಾಯಿಗೆ ಏರಿಸಿತು. ಆ ಸಾಲದ ಅರ್ಜಿ ಹೋಗುವುದು ನೀವು ಆರಿಸಿದ ಆಡಳಿತ ಮಂಡಳಿಯ ಮುಂದೆ. ಡಿಸಿಸಿ ಬ್ಯಾಂಕಿನ, ಅಂದರೆ ಜಿಲ್ಲಾ ಸಹಕಾರ ಕೇಂದ್ರ ಬ್ಯಾಂಕಿನ ಚುನಾವಣೆಗೆ ಪ್ರತಿನಿಧಿ ಹೋಗುವುದೂ ಅಲ್ಲಿಂದಲೇ. ಹಾಗಾಗಿಯೇ ಇಷ್ಟು ಪೈಪೋಟಿ.

ಜಾಸ್ತಿ ಜನ ಸೋತ ಮೇಲೆ ವಕೀಲರ ಹತ್ತಿರ ಓಡುತ್ತಾರೆ. ಆದರೆ ನಿಜವಾದ ಜಗಳ ಮತದಾನಕ್ಕೆ ವಾರಗಳ ಮೊದಲೇ, ಮತದಾರರ ಪಟ್ಟಿಯಲ್ಲೇ ಮುಗಿದಿರುತ್ತದೆ. ಯಾರು ಸುಸ್ತಿದಾರ (ಸಾಲ ಬಾಕಿ ಉಳಿಸಿಕೊಂಡವರು), ಯಾರು ಸಾಮಾನ್ಯ ಸಭೆಗೆ ಬಂದಿಲ್ಲ, ಯಾರು ಸಂಘದ ಜೊತೆ ವ್ಯವಹಾರವನ್ನೇ ಮಾಡಿಲ್ಲ ಎಂಬ ಕಾರಣಗಳ ಮೇಲೆ ಹೆಸರು ಹೋಗುತ್ತದೆ. 1959ರ ನಮ್ಮ ಸಹಕಾರ ಸಂಘಗಳ ಕಾಯ್ದೆಯ 20ನೇ ಸೆಕ್ಷನ್ ಹೇಳುವುದು ಇದನ್ನೇ. ನಿಯಮದ ಉದ್ದೇಶ ಒಳ್ಳೆಯದು. ಆದರೆ ಸಭೆಗೆ ಬಂದವರ ಸಹಿ ಪುಸ್ತಕ ಯಾರ ಕೈಯಲ್ಲಿದೆ? ಅಲ್ಲೇ ತೊಂದರೆ.

ಹೆಸರು ಬಿಟ್ಟುಹೋದವರು ಹೈಕೋರ್ಟಿಗೆ ಹೋಗುತ್ತಾರೆ. 'ನಮಗೆ ನೋಟಿಸೇ ಕೊಟ್ಟಿಲ್ಲ ಸ್ವಾಮಿ' ಎನ್ನುವುದು ಅವರ ಮುಖ್ಯ ವಾದ. ಎಷ್ಟೋ ಸಲ ಅವರಿಗೆ ಮಧ್ಯಂತರ ಆದೇಶ ಸಿಗುತ್ತದೆ. ಮತ ಹಾಕಬಹುದು, ಆದರೆ ಅದು ಬೇರೆ ಪೆಟ್ಟಿಗೆಗೆ. ಕೋರ್ಟ್ ಹೇಳುವ ತನಕ ಫಲಿತಾಂಶ ಪ್ರಕಟಿಸುವಂತಿಲ್ಲ. ಆ ಪೆಟ್ಟಿಗೆ ಬೀಗ ಹಾಕಿಕೊಂಡು ಕೂತರೆ ಸಂಘದಲ್ಲಿ ಹೊಸ ಮಂಡಳಿ ಇಲ್ಲ, ಗೆದ್ದವರು ಯಾರೆಂದು ಗೊತ್ತಿಲ್ಲ. ಬಿತ್ತನೆ ಹೊತ್ತಿಗೆ ಸಾಲ ಬೇಕಾದ ರೈತ ಯಾರನ್ನು ಕೇಳಬೇಕು? ಈ ಪರಿಹಾರದಿಂದ ಯಾರಿಗೂ ನ್ಯಾಯ ಸಿಗುವುದಿಲ್ಲ ಎಂದೇ ನನ್ನ ಅಭಿಪ್ರಾಯ. ಅದರ ಮೇಲೆ ಖರ್ಚು. ದಾವಣಗೆರೆ, ಚಿತ್ರದುರ್ಗ ಎರಡೂ ಹೈಕೋರ್ಟಿನ ಧಾರವಾಡ ಪೀಠಕ್ಕೆ ಸೇರಿಲ್ಲ. ರಿಟ್, ಅಂದರೆ ಹೈಕೋರ್ಟಿಗೆ ನೇರ ಅರ್ಜಿ ಹಾಕಲು ಬೆಂಗಳೂರಿಗೇ ಹೋಗಬೇಕು.

ಇನ್ನೊಂದು ಮಾತು. ಕೋರ್ಟ್ ಯಾವಾಗಲೂ ಕೈಹಾಕುತ್ತದೆ ಅಂತ ನಂಬಬೇಡಿ. ಚುನಾವಣೆ ಶುರುವಾದ ಮೇಲೆ ನಡುವೆ ತಡೆಯಬಾರದು ಎಂದು ಸುಪ್ರೀಂ ಕೋರ್ಟ್ 1952ರಲ್ಲೇ ಶಾಸನಸಭೆ ಚುನಾವಣೆಯ ಪ್ರಕರಣದಲ್ಲಿ ಹೇಳಿತ್ತು. 2001ರಲ್ಲಿ ಮಹಾರಾಷ್ಟ್ರದ ಹಾಲು ಸಂಘವೊಂದರ ಪ್ರಕರಣದಲ್ಲಿ, ಮತದಾರರ ಪಟ್ಟಿ ತಯಾರಿಸುವುದೂ ಚುನಾವಣೆಯ ಒಂದು ಹಂತವೇ ಎಂದಿತು. ಅಂದರೆ ಪಟ್ಟಿಯ ಜಗಳದಲ್ಲೂ ಕೋರ್ಟ್ ನಡುವೆ ಬರದಿರಬಹುದು. ಆಗ ಉಳಿಯುವ ದಾರಿ ನಮ್ಮ ಸಹಕಾರ ಕಾಯ್ದೆಯ 70ನೇ ಸೆಕ್ಷನ್. ಫಲಿತಾಂಶದ ನಂತರ ಸಹಕಾರ ಇಲಾಖೆಯ ನಿಬಂಧಕರ (ರಿಜಿಸ್ಟ್ರಾರ್) ಮುಂದೆ ದಾವೆ ಹೂಡಬೇಕು. ಸಿವಿಲ್ ಕೋರ್ಟಿಗೆ ಹೋದರೆ ಅರ್ಜಿ ವಾಪಸ್ ಬರುತ್ತದೆ. ದಾವೆಗೆ ಕಾಲಮಿತಿ ಇದೆ, ತಡ ಮಾಡಿದರೆ ಆ ಬಾಗಿಲೂ ಮುಚ್ಚುತ್ತದೆ.

2021ರ ಸುಪ್ರೀಂ ಕೋರ್ಟ್ ತೀರ್ಪಿನಿಂದ ನಮ್ಮ ಕಾಯ್ದೆಯೇ ಹೋಯಿತು ಅಂತ ಕೆಲವರು ಹೇಳುತ್ತಾರೆ. ಹಾಗಲ್ಲ. ಅಲ್ಲಿ ರದ್ದಾಗಿದ್ದು ಸಂವಿಧಾನದ 97ನೇ ತಿದ್ದುಪಡಿಯ ಸಹಕಾರ ಭಾಗ, ಅದೂ ರಾಜ್ಯದೊಳಗಿನ ಸಂಘಗಳ ಮಟ್ಟಿಗೆ. ರಾಜ್ಯದ ಕಾಯ್ದೆ ನಿಂತಿದೆ.

ಈಗ ಸದಸ್ಯರಿಗೆ ಹೇಳುವುದು. ಕರಡು ಪಟ್ಟಿ ಹಾಕಿದ ದಿನವೇ ಹೋಗಿ ನೋಡಿ. ಆಕ್ಷೇಪಣೆ ಬಾಯಲ್ಲಿ ಹೇಳಬೇಡಿ, ಬರೆದು ಕೊಡಿ, ನಕಲಿನ ಮೇಲೆ ಸೀಲು, ಸಹಿ ಹಾಕಿಸಿಕೊಳ್ಳಿ. ಸಾಲ ಕಟ್ಟಿದ ರಸೀದಿ ಇಟ್ಟುಕೊಳ್ಳಿ. ಅಪ್ಪ ತೀರಿಕೊಂಡಿದ್ದಾರೆ, ಷೇರು ಇನ್ನೂ ಅವರ ಹೆಸರಲ್ಲೇ ಇದೆ ಅಂತ ಎಷ್ಟು ಮನೆಗಳಲ್ಲಿ ಇದೆ, ಅಲ್ವಾ? ಅಂಥ ಮನೆಯ ಮಗ, ಮಗಳು ಸದಸ್ಯರೇ ಅಲ್ಲ. ಚುನಾವಣೆ ಬರುವ ತನಕ ಕಾಯದೆ ಈ ವರ್ಷವೇ ಷೇರನ್ನು ನಿಮ್ಮ ಹೆಸರಿಗೆ ಬದಲಾಯಿಸಿಕೊಳ್ಳಿ.

ಕಾರ್ಯದರ್ಶಿಗಳಿಗೆ ನನ್ನ ಕೇಳಿಕೆ ಒಂದೇ. ನೋಟಿಸ್ ತಲುಪಿಸದೆ ಒಂದು ಹೆಸರನ್ನೂ ಅನರ್ಹರ ಪಟ್ಟಿಗೆ ಹಾಕಬೇಡಿ. ತಲುಪಿದ್ದಕ್ಕೆ ಸಹಿ ತೆಗೆದುಕೊಳ್ಳಿ. ಸಾಮಾನ್ಯ ಸಭೆ ಮುಗಿದ ವಾರದೊಳಗೆ ಹಾಜರಾದವರ ಪಟ್ಟಿಯನ್ನು ಸಂಘದ ಗೋಡೆಗೆ ಅಂಟಿಸಿ.