ಗಾಳಿದಿಂಬು ಎಲ್ಲಿ?

ಕೇಳುಗರಿಗೆ ನಮಸ್ಕಾರ.

ಜಪಾನಿನ ಒನೊಮಿಚಿ ಎಂಬ ಬಂದರು ಊರು. ವಯಸ್ಸಾದ ಗಂಡ ಹೆಂಡತಿ ಟೋಕಿಯೋದಲ್ಲಿರುವ ಮಕ್ಕಳನ್ನು ನೋಡಲು ಹೊರಟಿದ್ದಾರೆ, ಸಾಮಾನು ಜೋಡಿಸುತ್ತಿದ್ದಾರೆ. ಗಾಳಿದಿಂಬು ನಿಮ್ಮ ಕಡೆ ಇದೆಯಾ ಅಂತ ಆಕೆ. ನಿನಗೇ ಕೊಟ್ಟೆನಲ್ಲ ಅಂತ ಈತ. ನಡುವೆ ಪಕ್ಕದ ಮನೆಯಾಕೆ ಕಿಟಕಿಯಲ್ಲಿ ಇಣುಕಿ, ಎಂಥ ಮಕ್ಕಳು, ಪುಣ್ಯವಂತರು ನೀವು ಅಂದು ಹೋಗುತ್ತಾಳೆ. ಮತ್ತೆ ಹುಡುಕಾಟ. ಕೊನೆಗೆ ದಿಂಬು ಸಿಗುವುದು ಈತನ ಹತ್ತಿರವೇ. ‘ಹಾಂ, ಇದೆ ಇದೆ’ ಅನ್ನುತ್ತಾನೆ, ಅಷ್ಟೇ. ಈತ ತಪ್ಪೊಪ್ಪುವುದಿಲ್ಲ, ಆಕೆ ಮೂದಲಿಸುವುದೂ ಇಲ್ಲ. ಅವರ ಸಂಸಾರ ಎಂಥದ್ದೆಂದು ತಿಳಿಯಲು ಇನ್ನೇನು ಬೇಕು?

1953ರ ‘ಟೋಕಿಯೋ ಸ್ಟೋರಿ’ಯ ಈ ದೃಶ್ಯವನ್ನು ನಿರ್ದೇಶಕ ಯಸುಜಿರೊ ಓಜು ಜೊತೆ ಕೂತು ಬರೆದವರು ಕೊಗೊ ನೋಡ. ಓಜು ಹೆಸರು ಲೋಕಕ್ಕೆಲ್ಲ ಗೊತ್ತು, ನೋಡ ಹೆಸರು ಟೈಟಲ್ ಕಾರ್ಡಿನಲ್ಲೇ ಉಳಿಯಿತು. ಚಿತ್ರಕಥೆಗಾರರ ಪಾಡು ಎಲ್ಲ ಕಡೆ ಹೀಗೇ ಬಿಡಿ. 1927ರಲ್ಲಿ ಓಜು ಅವರ ಮೊದಲ ಚಿತ್ರಕ್ಕೆ ಬರೆದವರೂ ನೋಡ ಅವರೇ. ಆಮೇಲೆ 1949ರ ‘ಲೇಟ್ ಸ್ಪ್ರಿಂಗ್’ನಿಂದ 1962ರವರೆಗೆ ಓಜು ತೆಗೆದ 13 ಚಿತ್ರಗಳಿಗೂ ಇವರಿಬ್ಬರದೇ ಬರವಣಿಗೆ.

ಬೈಠಕ್ಕು ಮೊದಮೊದಲು ಚಿಗಸಾಕಿಯ ಕಡಲ ತಡಿಯ ವಸತಿಗೃಹದಲ್ಲಿ, ಕೊನೆಕೊನೆಗೆ ತಾತೆಶಿನ ಬೆಟ್ಟದಲ್ಲಿ. ಪಾತ್ರ ಯಾರು ಮಾಡುತ್ತಾರೆಂದು ಮೊದಲೇ ಮನಸ್ಸಿನಲ್ಲಿರಬೇಕು. ನಟನ ದನಿ ಕಿವಿಯಲ್ಲಿದ್ದರೆ ಮಾತು ತಾನಾಗಿ ಬರುತ್ತದೆ. ಮಾತಿನ ಕೊನೆಗೆ ‘ವಾ’ ಹಾಕಬೇಕೋ ‘ಯೋ’ ಹಾಕಬೇಕೋ ಎಂಬಲ್ಲೂ ತಮಗೆ ಭಿನ್ನಾಭಿಪ್ರಾಯವಿರಲಿಲ್ಲ ಎಂದು ಓಜು ಹೇಳಿದ್ದುಂಟು. ನಮ್ಮಲ್ಲಿ ‘ಬಾ’, ‘ಬಾರೋ’, ‘ಬಾರಪ್ಪ’ ಇದ್ದ ಹಾಗೆ. ಹೊಡೆದಾಟವಿಲ್ಲದ ಚಿತ್ರದಲ್ಲಿ ಸಲಿಗೆಯೋ ಮುನಿಸೋ ಆ ಕೊನೆಯಕ್ಷರದಲ್ಲೇ ಗೊತ್ತಾಗಬೇಕು.

ಇನ್ನು, ಏನು ಬಿಡಬೇಕು ಎಂಬುದು. ‘ಲೇಟ್ ಸ್ಪ್ರಿಂಗ್’ ತುಂಬ ಮಗಳ ಮದುವೆಯದೇ ಚಿಂತೆ. ಆದರೆ ಮದುವೆ ತೋರಿಸುವುದಿಲ್ಲ, ವರನ ಮುಖವೂ ಕಾಣುವುದಿಲ್ಲ. ಹೊಸಬರು ಎಡವುವುದು ಇಲ್ಲೇ. ಮಂಟಪ, ಅಳು, ಅಪ್ಪನ ಉಪದೇಶ ಎಲ್ಲ ಬರೆದುಬಿಡುತ್ತಾರೆ. ವರ ತೆರೆಗೆ ಬಂದನೋ, ನೋಡುವವರು ಅವನನ್ನು ಅಳೆಯಲು ಶುರುಮಾಡುತ್ತಾರೆ, ಅಪ್ಪ ಮಗಳ ಕಥೆ ಕೈತಪ್ಪುತ್ತದೆ. ಬದಲಿಗೆ, ಮದುವೆ ಮುಗಿಸಿ ಬಂದ ಅಪ್ಪ ಒಬ್ಬನೇ ಕೂತು ಸೇಬಿನ ಸಿಪ್ಪೆ ತೆಗೆಯುತ್ತಾನೆ. ಸಿಪ್ಪೆ ಉದ್ದಕ್ಕೆ ಇಳಿಯುತ್ತದೆ, ಕೈ ನಿಲ್ಲುತ್ತದೆ, ತಲೆ ಬಾಗುತ್ತದೆ.

ಅತ್ತ ಒನೊಮಿಚಿಯಲ್ಲಿ, ಚಿತ್ರದ ಕೊನೆಗೆ, ಆ ಪಕ್ಕದ ಮನೆಯಾಕೆ ಅದೇ ಕಿಟಕಿಗೆ ಮತ್ತೆ ಬರುತ್ತಾಳೆ. ಜಾಗ ಅದೇ, ಚಾಪೆ ಅದೇ. ಈಗ ಕೂತಿರುವವನು ಒಬ್ಬನೇ.