ವಿಷದ ಕಾಡಿನಲ್ಲೊಂದು ಇಂಗ್ಲಿಷ್ ದನಿ

ಕೇಳುಗರಿಗೆ ನಮಸ್ಕಾರ.

ರೇಡಿಯೋದವರಿಗೆ ಮೌನ ಅಂದರೆ ಭಯ. ನಾನು ನಾಲ್ಕು ಸೆಕೆಂಡ್ ಸುಮ್ಮನಾದರೆ ಸ್ಟೇಷನ್ ಕೈಕೊಟ್ಟಿತು ಅಂದುಕೊಳ್ಳುತ್ತೀರಿ, ಅಲ್ವಾ? ಸಿನಿಮಾ ಮಾರುವವರಿಗೂ ಈ ಭಯ ಇದೆ. ‘ನೌಸಿಕಾ’ ಚಿತ್ರ ಆ ಭಯಕ್ಕೇ ಬಲಿಯಾಯಿತು.

ನಿರ್ದೇಶಕ ಹಯಾವೊ ಮಿಯಾಝಾಕಿಯವರ ಈ ಅನಿಮೆ, ಅಂದರೆ ಜಪಾನಿ ಅನಿಮೇಷನ್ ಚಿತ್ರ, ಜಪಾನಿನಲ್ಲಿ 1984ರಲ್ಲಿ ಬಂತು. ಏಳೇ ದಿನದ ಯುದ್ಧದಲ್ಲಿ ಲೋಕ ಸುಟ್ಟುಹೋಗಿ ಸಾವಿರ ವರ್ಷ ಕಳೆದಿದೆ. ವಿಷದ ಕಾಡು ಊರೂರನ್ನೇ ನುಂಗುತ್ತಾ ಬರುತ್ತಿದೆ. ಆ ಕಾಡಿಗೆ ಗುಡ್ಡದಂಥ ಹುಳುಗಳ ಕಾವಲು.

ಮರುವರ್ಷವೇ ಅಮೆರಿಕದಲ್ಲಿ ಇಂಗ್ಲಿಷ್ ಡಬ್ ಬಂತು. 117 ನಿಮಿಷದ ಚಿತ್ರದಲ್ಲಿ 20 ನಿಮಿಷಕ್ಕೂ ಜಾಸ್ತಿ ಕತ್ತರಿ ಹಾಕಿದ್ದರು. ನಾಯಕಿ ನೌಸಿಕಾಳ ಹೆಸರು ‘ಝಾಂಡ್ರಾ’ ಆಗಿತ್ತು. ಪೋಸ್ಟರಿನಲ್ಲಿ ಚಿತ್ರದಲ್ಲೇ ಇಲ್ಲದ ಗಂಡಾಳುಗಳು ಮುಂದೆ, ನಾಯಕಿ ಎಲ್ಲೋ ಹಿಂದೆ! ಆ ಪೆಟ್ಟು ತಿಂದ ಮೇಲೆ ಮಿಯಾಝಾಕಿ ಬಳಗ ‘ಒಂದು ಚೂರೂ ಕತ್ತರಿಸಕೂಡದು’ ಎಂದು ಪಟ್ಟು ಹಿಡಿಯಿತು.

ಡಿಸ್ನಿಯ ಡಬ್ 2005ರಲ್ಲಿ ಬಂತು, ಪೂರ್ತಿ ಚಿತ್ರಕ್ಕೆ. ಅದರಲ್ಲಿ ನನಗಿಷ್ಟವಾದ ಒಂದು ಜಾಗ ಹೇಳುತ್ತೇನೆ. ಹುಳು ಕಳಚಿಟ್ಟ ಪೊರೆಯಿಂದ ನೌಸಿಕಾ ಗಾಜಿನಂಥ ಕಣ್ಣಿನ ಚಿಪ್ಪು ಬಿಡಿಸುತ್ತಾಳೆ. ಅದರಡಿ ಅಂಗಾತ ಮಲಗುತ್ತಾಳೆ. ಬಿಳಿ ಬೀಜಕಣಗಳು ಹಿಮದ ಹಾಗೆ ಮೇಲೆ ಉದುರುತ್ತವೆ. ಎಷ್ಟು ಚೆಂದ ಅನ್ನುತ್ತಾಳೆ. ಮಾಸ್ಕ್ ತೆಗೆದರೆ ಐದೇ ನಿಮಿಷ, ಶ್ವಾಸಕೋಶ ಹಾಳು. ಆ ಮಾತನ್ನೂ ಅವಳೇ ಹೇಳಿಕೊಳ್ಳುತ್ತಾಳೆ.

ಬಾಯಿಗೆ ಮಾಸ್ಕ್ ಇರುವುದರಿಂದ ಇಲ್ಲಿ ತುಟಿಗೆ ಮಾತು ಹೊಂದಿಸುವ ರಗಳೆ ಇಲ್ಲ. ಏನಿದ್ದರೂ ಉಸಿರಿನಲ್ಲೇ ಬರಬೇಕು. ನೌಸಿಕಾಗೆ ಇಂಗ್ಲಿಷ್ ದನಿ ಕೊಟ್ಟ ಆಲಿಸನ್ ಲೋಮನ್ ಇಲ್ಲಿ ದನಿ ಏರಿಸುವುದಿಲ್ಲ, ಅಳುವುದೂ ಇಲ್ಲ. ಜಪಾನಿ ದನಿ ಕೊಟ್ಟ ಸುಮಿ ಶಿಮಾಮೊತೊ ಇನ್ನೂ ಮೆತ್ತಗೆ ಕೇಳಿಸುತ್ತಾರೆ. ನನ್ನ ಓಟು ಅವರಿಗೇ. ಹಾಗಂತ ಮೂಲವೇ ಶುದ್ಧ, ಡಬ್ ಕಲಬೆರಕೆ ಅನ್ನಲಾರೆ. ಜಪಾನಿನಲ್ಲೂ ಅನಿಮೆಗೆ ಸಾಮಾನ್ಯವಾಗಿ ಚಿತ್ರ ಬರೆದಾದ ಮೇಲೇ ದನಿ ಕೊಡುತ್ತಾರೆ. ಅಂದರೆ ಮೂಲವೂ ಒಂಥರಾ ಡಬ್ಬೇ.

ಪ್ಯಾಟ್ರಿಕ್ ಸ್ಟೀವರ್ಟ್ ಅವರ ಯೂಪಾನಲ್ಲಿ ರಂಗಭೂಮಿಯ ಗತ್ತು ಸ್ವಲ್ಪ ಜಾಸ್ತಿ, ಆದರೂ ಆ ಅಲೆಮಾರಿ ಕತ್ತಿವೀರನಿಗೆ ಒಪ್ಪುತ್ತದೆ. ಉಮಾ ಥರ್ಮನ್ ಅವರ ಕುಶಾನಾ, ದಂಡೆತ್ತಿ ಬರುವ ರಾಜಕುಮಾರಿ, ಕೂಗಾಡದೆಯೇ ಹೆದರಿಸುತ್ತಾಳೆ.

ಚಿತ್ರದ ಕಟ್ಟಕಡೆಗೆ, ಕಾಡಿನ ತಳದ ಮರಳಿನಲ್ಲಿ ನೌಸಿಕಾಳ ಟೋಪಿ ಬಿದ್ದಿದೆ. ಪಕ್ಕದಲ್ಲೊಂದು ಹಸಿರು ಮೊಳಕೆ. ಅಲ್ಲಿ ಯಾರೂ ಮಾತಾಡುವುದಿಲ್ಲ, ಯಾವ ಭಾಷೆಯಲ್ಲೂ.