ಗೇಟಿನವರ ಹೆಸರು ಗೊತ್ತಾ?

ಕೇಳುಗರಿಗೆ ನಮಸ್ಕಾರ. ಕಾರ್ಖಾನೆ ಸುರಕ್ಷತೆ ಬಗ್ಗೆ ಮಾತಾಡಿ ಅಂದಿದ್ದಾರೆ. ಹೆಲ್ಮೆಟ್ಟು, ಬೂಟಿನ ವಿಷಯ ನಿಮಗೆ ಗೊತ್ತೇ ಇದೆ. ನನ್ನದು ಒಂದೇ ಪ್ರಶ್ನೆ. ನಿಮ್ಮ ಗೇಟಿನಲ್ಲಿ ನಿಲ್ಲುವ ಸೆಕ್ಯುರಿಟಿಯವರ ಹೆಸರು ಗೊತ್ತಾ?

2013ರ ಜನವರಿ 16. ಅಲ್ಜೀರಿಯಾದ ಮರುಭೂಮಿ, ಲಿಬಿಯಾ ಗಡಿ ಹತ್ತಿರ. ಇನ್ ಅಮೆನಾಸ್ ಊರಿನಾಚೆ ದೊಡ್ಡ ಗ್ಯಾಸ್ ಸ್ಥಾವರ. ಸುಮಾರು 800 ಜನ ಅಲ್ಲೇ ಉಳಿದು ದುಡಿಯುತ್ತಿದ್ದರು. ಬೆಳಗಿನ ಜಾವ ಬಂದೂಕು ಹಿಡಿದವರು ನುಗ್ಗಿದರು. ನಾಲ್ಕು ದಿನ ಒತ್ತೆಸೆರೆ. 40 ಜನ ಸತ್ತರು. ಅವರಲ್ಲಿ 10 ಮಂದಿ ಜಪಾನಿನವರು.

ಬದುಕಿ ಬಂದವರ ಮಾತು ಸಾಕ್ಷ್ಯಚಿತ್ರಗಳಲ್ಲಿದೆ. ನೋಡಿದವರೆಲ್ಲ ನನ್ನ ಹತ್ತಿರ ಅಲ್ಜೀರಿಯಾ ಸೈನ್ಯ ಮಾಡಿದ ಹೆಲಿಕಾಪ್ಟರ್ ದಾಳಿಯನ್ನೇ ಕೇಳುತ್ತಾರೆ. ಅದನ್ನು ಬಿಡಿ, ಗೇಟು ನೋಡಿ! ಅಲ್ಲಿನ ಕಾವಲುಗಾರ, ಸ್ಥಳೀಯ, ಅಲಾರಂ ಒತ್ತಿದ. ಗುಂಡೇಟಿಗೆ ಪ್ರಾಣ ಬಿಟ್ಟ. ಆ ಸದ್ದಿಗೆ ಎಷ್ಟೋ ಜನ ರೂಮಿನ ಬಾಗಿಲು ಹಾಕಿ ಅಡಗಿಕೊಂಡರು.

ಅಡಗಿದವರಲ್ಲಿ ಒಬ್ಬ ಫ್ರೆಂಚ್ ಕ್ಯಾಂಟೀನ್ ಕೆಲಸಗಾರ. ಇವನ ಕಥೆ ನಾನು ಹೋದಲ್ಲೆಲ್ಲ ಹೇಳುತ್ತೇನೆ. ಮಂಚದ ಕೆಳಗೆ ತೂರಿಕೊಂಡ. ಸುತ್ತ ಹಲಗೆ ಅಡ್ಡ ಇಟ್ಟುಕೊಂಡ. ಒಂದೆರಡು ಗಂಟೆಯಲ್ಲ, ಹತ್ತಿರ ಹತ್ತಿರ 40 ಗಂಟೆ ಆ ರೂಮಿನಲ್ಲೇ! ಹೊರಗೆ ಗುಂಡಿನ ಸದ್ದು. ದಾಳಿಕೋರರಿಗೆ ಬೇಕಾಗಿದ್ದು ವಿದೇಶಿಯರು. ಹಾಗಾಗಿ ಅಲ್ಜೀರಿಯಾದ ಕೆಲಸಗಾರರಿಗೆ ಸ್ವಲ್ಪ ಓಡಾಡಲು ಆಗುತ್ತಿತ್ತು. ಇವನ ಜೊತೆಗಾರರು ಗುಟ್ಟಾಗಿ ಊಟ, ನೀರು ತಂದು ಕೊಟ್ಟರು. ಸಿಕ್ಕಿಬಿದ್ದಿದ್ದರೆ ಅವರ ಗತಿ? ಕೊನೆಗೆ ಸೈನಿಕರು ಬಂದರು. ಸೈನಿಕರೋ, ದಾಳಿಕೋರರೋ, ಒಳಗಿರುವವನಿಗೆ ಹೇಗೆ ಗೊತ್ತಾಗಬೇಕು? ಸೈನಿಕರ ಜೊತೆಯಲ್ಲಿ ಆ ಅಲ್ಜೀರಿಯನ್ ಗೆಳೆಯರಿದ್ದರು. ಅವರಿರದಿದ್ದರೆ ತಾನು ಬಾಗಿಲು ತೆಗೆಯುತ್ತಲೇ ಇರಲಿಲ್ಲ ಅಂತ ಆಮೇಲೆ ರೇಡಿಯೊದಲ್ಲೇ ಹೇಳಿದ.

ಕೇಳಿಸಿಕೊಂಡಿರಾ? ಬಾಗಿಲು ತೆಗೆಸಿದ್ದು ಪರಿಚಯ. ಅದಕ್ಕೇ ಕೇಳಿದ್ದು, ಗೇಟಿನವರ ಹೆಸರು ಗೊತ್ತಾ? ಸುಮ್ನೆ ಅಲ್ಲ.

ರಾತ್ರಿಯೆಲ್ಲ ಮರಳಿನಲ್ಲಿ ನಡೆದು ಪಾರಾದ ನಾರ್ವೆಯವರ ಸಂಗತಿ ಇತ್ತು. ಅಲಾರಂ ಅಭ್ಯಾಸದ ಬಗ್ಗೆಯೂ ಹೇಳಬೇಕಿತ್ತು. ಗಾಜಿನಾಚೆ ಒಬ್ಬರು ಗಡಿಯಾರ ತೋರಿಸುತ್ತಿದ್ದಾರೆ. ಆಯ್ತು ಸ್ವಾಮಿ, ಮುಗಿಸಿದೆ.

ಅಂದಹಾಗೆ, ಬರುವಾಗ ಇಲ್ಲಿನ ಗೇಟಿನಲ್ಲೂ ಹೆಸರು ಕೇಳಿದೆ. ಅವರು ಮೊದಲು ನನ್ನ ಗುರುತಿನ ಚೀಟಿ ತೋರಿಸಿ ಅಂದರು. ನಮಸ್ಕಾರ.